‘ತೆಗೆದರು’ ಎಂಬುದು ‘ತೆಗೆದೆ’ ಆದದ್ದು

ನಾನು ನಿಂತಿದ್ದು ಬಸವನಗುಡಿಯಲ್ಲಿ, ಗಾಂಧಿ ಬಜಾರಿಗೆ ಹತ್ತಿರದ ಒಂದು ಮಹಡಿ ಸಭಾಂಗಣದ ಹಿಂಗೋಡೆಗೆ ಒರಗಿ, ನಾನೇ ನಡೆಸುತ್ತಿದ್ದ ಪ್ರೊಜೆಕ್ಟರಿನ ಎಡಕ್ಕೆ. ಹೋದ ವರ್ಷ ಆಷಾಢದ ಒಂದು ಶನಿವಾರ, ಸಂಜೆ ಆರೂವರೆ ದಾಟಿತ್ತು. ಅಲ್ಲಿಂದ ಮೇಷ್ಟ್ರ ಮುಖ ಕಾಣುತ್ತಿತ್ತು, ಮಾತು ಸ್ಪಷ್ಟವಾಗಿ ಕೇಳುತ್ತಿತ್ತು. ಇದನ್ನು ಮೊದಲೇ ಹೇಳುತ್ತಿದ್ದೇನೆ, ಏಕೆಂದರೆ ಮುಂದಿನದರಲ್ಲಿ ನನಗೆ ಖಚಿತವಾಗಿರುವುದು ಕಡಿಮೆ.

ಮೇಷ್ಟ್ರು ನನಗೆ ಹೈಸ್ಕೂಲಿನಲ್ಲಿ ಇತಿಹಾಸ ಕಲಿಸಿದವರು. ನಿವೃತ್ತಿಯ ನಂತರ ನಮ್ಮ ಸಣ್ಣ ಸಿನಿಮಾ ಬಳಗಕ್ಕೆ ಬಂದು, ಮೂಕಿ ಚಿತ್ರ ಓಡುತ್ತಿರುವಾಗಲೇ ಪರದೆಯ ಪಕ್ಕ ನಿಂತು ಕನ್ನಡದಲ್ಲಿ ವಿವರಿಸುತ್ತಿದ್ದರು. ಅವರಿಗೆ ಪ್ರಿಯನಾದವನು ಅಮೆರಿಕದ ಒಬ್ಬ ಹಳೆಯ ನಿರ್ದೇಶಕ. ಬಡಗಿಯಾಗಿ ನಾಟಕ ಕಂಪನಿ ಸೇರಿ, ಸೂರಿಲ್ಲದ ಅಂಗಳದಲ್ಲಿ ಬಿಸಿಲನ್ನೇ ನಂಬಿ ವಾರಕ್ಕೊಂದು ಚಿತ್ರ ತೆಗೆದವನು. ಮಾತಿನ ಚಿತ್ರ ಬಂದ ಮೇಲೆ ಯಾರೂ ಕರೆಯದೆ, ಕಂಡವರ ಚಿತ್ರಗಳಲ್ಲಿ ಗುಂಪಿನಲ್ಲೊಬ್ಬನಾಗಿ ನಿಂತವನು. ಮೇಷ್ಟ್ರು ಅವನನ್ನು ಬಹುವಚನದಲ್ಲೇ ಹೇಳುತ್ತಿದ್ದರು.

ಆ ಸಂಜೆ ಚಿತ್ರ ಶುರುವಾಗುವ ಮುಂಚೆ ಅವರ ಹೆಂಡತಿ ನನ್ನನ್ನು ಮೆಟ್ಟಿಲ ಬಳಿ ನಿಲ್ಲಿಸಿದರು.

“ಮನೇಲಿ ಒಂದೊಂದ್ಸಲ ನನ್ನನ್ನೇ ಯಾರು ಅಂತಾರಪ್ಪ. ಹೊರಗಡೆ ಕಳಿಸ್ಬೇಡಿ ಅಂದಿದಾರೆ ಡಾಕ್ಟ್ರು. ನಂಗೆ ಕಿವಿ ಮಂದ. ನೀನು ಕೇಳಿಸ್ಕೊಂಡು ಹೇಳು. ಇವತ್ತು ಎಡವಿದ್ರೆ ಇದೇ ಕೊನೆ.”

“ಎಡವಲ್ಲಮ್ಮ.”

“ನಿನ್ನ ಸಮಾಧಾನ ಯಾರು ಕೇಳಿದ್ರು? ಕೇಳಿಸ್ಕೊ ಅಂದೆ.”

ಮೇಷ್ಟ್ರು ಎಡವಲಿಲ್ಲ. ಅಷ್ಟು ಸಲೀಸಾಗಿ ಅವರು ಮಾತಾಡಿದ್ದನ್ನು ನಾನು ಕೇಳಿರಲಿಲ್ಲ. “ವಾರಕ್ಕೊಂದು ಚಿತ್ರ ತೆಗೆದರು” ಅಂದರು. ಪರದೆಯ ಮೇಲೆ ಜನ ರೈಲಿನ ಹಿಂದೆ ಓಡುತ್ತಿದ್ದರು. ಆಗ ಕೇಳಿದ್ದು: “ಮೋಡ ಬಂತು. ಕಾದೆ. ಮತ್ತೆ ತೆಗೆದೆ.” ‘ಅವರು’ ಎಂದೂ ಅನ್ನಲಿಲ್ಲ, ‘ನಾನು’ ಎಂದೂ ಅನ್ನಲಿಲ್ಲ. ಕ್ರಿಯಾಪದದ ಬಾಲ ಮಾತ್ರ ಬದಲಾಗಿತ್ತು. ನನ್ನ ಕಿವಿಯದೇ ತಪ್ಪು ಅಂದುಕೊಂಡೆ. ಸ್ವಲ್ಪ ಹೊತ್ತಿಗೆ, “ಆಮೇಲೆ ಯಾರೂ ನನ್ನ ಕರೀಲಿಲ್ಲ” ಅಂದರು. ನನ್ನ ಕೈ ಪ್ರೊಜೆಕ್ಟರಿನ ಸ್ವಿಚ್ಚಿಗೆ ಹೋಯಿತು. ಒತ್ತಲಿಲ್ಲ.

ನನ್ನ ಮುಂದೆ ಕೂತಿದ್ದ ಕಾಲೇಜಿನ ಹುಡುಗರಲ್ಲೊಬ್ಬ, “ಸಖತ್ತಾಗಿ ಆಕ್ಟ್ ಮಾಡ್ತಾರೆ ಮಗಾ” ಅಂದ.

“ಬಾಯ್ ಮುಚ್ಚೋ, ಕೇಳಿಸ್ತಿಲ್ಲ” ಅಂದ ಪಕ್ಕದವನು.

ಚಪ್ಪಾಳೆ ಮುಗಿದ ಮೇಲೆ ಮೇಷ್ಟ್ರಿಗೆ ನೀರು ಕೊಟ್ಟು ಕೇಳಿದೆ. “ಸಾರ್, ಕೊನೇಲಿ ‘ತೆಗೆದೆ’ ಅಂದ್ರಲ್ಲ, ಬೇಕಂತಲೇ ಅಂದ್ರಾ?”

“ಬೆಳಕು ಸಾಕಾಗಿತ್ತೇನೋ?” ಎಂದರು.

ಯಾವ ಬೆಳಕು, ನನ್ನ ಪ್ರೊಜೆಕ್ಟರಿನದೋ ಆ ಅಂಗಳದ್ದೋ, ತಿಳಿಯಲಿಲ್ಲ. ಸಾಕಾಗಿತ್ತು ಅಂದೆ.

ಅವರ ಹೆಂಡತಿ ಬಂದು, “ಎಡವಿದ್ರಾ?” ಎಂದರು.

“ಇಲ್ಲಮ್ಮ. ಆದ್ರೆ ಕೊನೇಲಿ, ಆ ಡೈರೆಕ್ಟರ್ ತಾನೇ ಅನ್ನೋ ಹಾಗೆ ಮಾತಾಡಿದ್ರು.” ಅವರಿಗೆ ಕೇಳಲೆಂದು ಜೋರಾಗಿ ಹೇಳಬೇಕಾಯಿತು.

“ಅದೇನ್ ಹೊಸದು? ಮದ್ವೆ ಆದಾಗಿಂದ ಮನೇಲಿ ಅವರೇ ಡೈರೆಕ್ಟ್ರು.” ನಗುತ್ತಲೇ ನನ್ನ ಮುಖ ನೋಡಿದರು. ಆಮೇಲೆ, “ಆಟೋ ಕರಿಯಪ್ಪ” ಎಂದರು.

ಮೇಷ್ಟ್ರನ್ನು ಮತ್ತೆ ಕಳಿಸಲಿಲ್ಲ. ಚಳಿಗಾಲದಲ್ಲಿ ಅವರು ತೀರಿಕೊಂಡರು. ನಾನು ಹೇಳಿದ್ದು ಕೇಳಿದ್ದನ್ನೇ. ಆದರೆ ಅದು ಮರೆವೋ, ಅಥವಾ ಒಂದೇ ಕಥೆಯನ್ನು ಅಷ್ಟು ವರ್ಷ ಹೇಳಿದವರು ಕಂಡುಕೊಂಡ ಹೊಸ ದಾರಿಯೋ, ನನಗೆ ಗೊತ್ತಿಲ್ಲ.

ಕೇಳಿದವರು ಇನ್ನೂ ಇದ್ದಾರೆ. ಆ ಇಬ್ಬರು ಹುಡುಗರು ಅದು ನಟನೆಯೇ ಎಂದು ವಾದಿಸುತ್ತಾರೆ. ಬಾಗಿಲ ಬಳಿ ಕೂತಿದ್ದ, ಚಾಮರಾಜಪೇಟೆಯ ನಿವೃತ್ತ ಕನ್ನಡ ಪಂಡಿತರು ತಮಗೆ ‘ತೆಗೆದರು’ ಎಂದೇ ಕೇಳಿಸಿತು ಎನ್ನುತ್ತಾರೆ. ಮತ್ತೆ ಮೊದಲ ಸಾಲಿನಲ್ಲಿ, ಮೇಷ್ಟ್ರ ತುಟಿಗಳನ್ನೇ ನೋಡುತ್ತ ಕೂತಿದ್ದ ಅವರ ಹೆಂಡತಿ. ಅವರನ್ನು ನಾನು ಕೇಳಿಲ್ಲ.