ಅಜ್ಜಿ ಯಾವ ಬದಿಗೆ?

ನನ್ನ ಅಣ್ಣನ ಮಗಳು ಕಳೆದ ಭಾನುವಾರ, ತಾನು ಮದುವೆಯಾಗಬೇಕೆಂದಿರುವ ಹುಡುಗನ ಅಜ್ಜಿಗೆ, ಅವರದೇ ಅಡುಗೆ ಕೋಣೆಯಲ್ಲಿ ನಿಂತು, ಎರಡೂ ಕಡೆಯವರ ಎದುರಿಗೆ, "ನೀವು ಸಾಲದ ಬದಿಗೆ" ಎಂದುಬಿಟ್ಟಳು.

ಮದುವೆ ಆಗಿಲ್ಲ. ನಿಶ್ಚಯವೂ ಆಗಿಲ್ಲ. ಅಸಲಿಗೆ ಅವಳು ಆ ಮನೆಯ ಒಳಗೆ ಇರಲೇಬಾರದಿತ್ತು.

ತಪ್ಪು ಯಾರದು? ಅಕೌಂಟೆನ್ಸಿಯದು. (ಆ ಸಬ್ಜೆಕ್ಟನ್ನು ಕುಂದಾಪುರದ ಕಾಲೇಜಿನಲ್ಲಿ ಪಾಠ ಮಾಡುವವಳು ನಾನು. ಅದನ್ನು ಇಲ್ಲಿ ಯಾರೂ ದೊಡ್ಡದು ಮಾಡಬಾರದಾಗಿ ವಿನಂತಿ.)

ನಮ್ಮ ಕಡೆಯ ಕ್ರಮ ನಿಮಗೆ ಗೊತ್ತಿರಬಹುದು. ಹುಡುಗನ ಕಡೆಯವರು ಬಂದು, ಹುಡುಗಿ ನೋಡಿ, ಚಾ ಕುಡಿದು, ಒಪ್ಪಿಗೆ ಎಂದು ಹೋದ ಮೇಲೆ ನಮ್ಮ ಸರದಿ. ನಾವು ಹುಡುಗನ 'ಮನೆ ಕಾಂಬುಕೆ', ಅಂದರೆ ಮನೆ ನೋಡಲು, ಹೋಗಬೇಕು. ಬಾವಿಗೆ ಬಗ್ಗಿ ನೋಡುವುದು, ದನದ ಹಟ್ಟಿಗೆ ಇಣುಕುವುದು, ತೆಂಗಿನ ಮರಗಳನ್ನು ಕತ್ತೆತ್ತಿ ಎಣಿಸುವುದು, ಏನೂ ಎಣಿಸಲಿಲ್ಲ ಎಂಬ ಮುಖ ಮಾಡಿ ಬಂದು ಕೂರುವುದು. ಅಪ್ಪ ಹೋಗಬಹುದು, ಅಮ್ಮ ಹೋಗಬಹುದು, ಅತ್ತೆ, ಮಾವ, ಪಕ್ಕದ ಮನೆಯವರು ಸಹ ಹೋಗಬಹುದು. ಹೋಗಬಾರದವಳು ಒಬ್ಬಳೇ. ಆ ಮನೆಯಲ್ಲಿ ಬದುಕಬೇಕಾದವಳು!

ಇದೆಂಥ ಕ್ರಮ ಎಂದು ನಾವ್ಯಾರೂ ಕೇಳಿದವರಲ್ಲ. ಅಣ್ಣನ ಮಗಳು ಶ್ವೇತಾ ಕೇಳಿದಳು.

"ಬಾವಿ ನೀರ್ ಸೇದುದ್ ನಾನ್. ಬಾವಿ ಕಾಂಬುದ್ ಅಪ್ಪಯ್ಯನಾ?"

ಸಿಕ್ಕಿಬಿದ್ದಾಗ ಅಣ್ಣ ಮೀಸೆ ಸವರಿಕೊಳ್ಳುತ್ತಾನೆ. ಸವರಿಕೊಂಡ.

ಕೊನೆಗೆ ಒಂದು ರಾಜಿಯಾಯಿತು. ಅವಳು ಓಮ್ನಿಯಲ್ಲಿ ಬರಬಹುದು, ಇಳಿಯಬಾರದು. ನೆಪಕ್ಕೇನು ಕೊರತೆ? ಅವಳು ಈಗ ಕಂಪ್ಯೂಟರ್ ಅಕೌಂಟ್ಸ್ ಕೋರ್ಸಿಗೆ ಸೇರಿದ್ದಾಳೆ. ಸೋಮವಾರ ಟೆಸ್ಟು. ದಾರಿಯುದ್ದಕ್ಕೂ ಅತ್ತೆ ಪಾಠ ಹೇಳಿಕೊಡುತ್ತಾಳೆ, ಅಷ್ಟೇ.

ನಿಜವಾದ ಕಾರಣವನ್ನು ಅವಳು ನನ್ನ ಕಿವಿಯಲ್ಲಿ ಮಾತ್ರ ಹೇಳಿದ್ದಳು. "ಅತ್ತೆ, ನಂಗೆ ಅವನೇ ಆಯ್ಕ್, ಬೇರೆ ಯಾರೂ ಬ್ಯಾಡ. ಅಪ್ಪಯ್ಯ ಎಂತದಾರೂ ನೆವ ಹೇಳಿ ಬ್ಯಾಡ ಅಂದ್ರೆ ಎಂತ ಮಾಡುದ್?"

ಹೆದರಿಕೆ ಸುಳ್ಳಲ್ಲ. ಹಿಂದಿನ ಒಂದು ಒಳ್ಳೆಯ ಸಂಬಂಧವನ್ನು ಅಣ್ಣ ಹಟ್ಟಿಯ ಮಾಡು, ಅಂದರೆ ಸೂರು, ವಾಲಿದೆ ಎಂಬ ಕಾರಣಕ್ಕೆ ಬಿಟ್ಟವನು. (ಹುಡುಗ ನೆಟ್ಟಗಿದ್ದ. ಮಾಡು ವಾಲಿತ್ತು.) ಆಗ ಶ್ವೇತಾ ಒಂದು ಮಾತೂ ಆಡಿರಲಿಲ್ಲ. ಈಗ ಹಾಗಲ್ಲ. ಹುಡುಗಿ ನೋಡುವ ದಿನ ಸಂತೋಷ ಎಂಬ ಆ ಹುಡುಗನ ಹತ್ತಿರ ಅಂಗಳದ ತುದಿಯಲ್ಲಿ ನಿಂತು ಎರಡು ಮಾತಾಡಿ ಬಂದವಳು, ಇಡೀ ವಾರ ಸಾರಿಗೆ ಉಪ್ಪು ಹಾಕುವುದನ್ನೇ ಮರೆತಿದ್ದಾಳೆ. ನಾವು ಅರ್ಥ ಮಾಡಿಕೊಳ್ಳಬೇಕಾದದ್ದನ್ನು ಮಾಡಿಕೊಂಡಿದ್ದೆವು, ಅಣ್ಣನೊಬ್ಬನನ್ನು ಬಿಟ್ಟು.

ಸರಿ, ಹಾಲಾಡಿಯಿಂದ ಹೊರಟೆವು. ಮುಂದೆ ಅಣ್ಣ, ಹಿಂದೆ ಅತ್ತಿಗೆ, ನಾನು, ಶ್ವೇತಾ. ಪಾಠವೂ ಹೊರಟಿತು.

ತುಂಬ ಸುಲಭದ ಪಾಠ. ನಮ್ಮ ಕೈಲಿರುವುದು, ನಮಗೆ ಬರಬೇಕಾದದ್ದು ಆಸ್ತಿ. ನಾವು ಇನ್ನೊಬ್ಬರಿಗೆ ಕೊಡಬೇಕಾದದ್ದು ಸಾಲ, ಅಂದರೆ ಲಯಬಿಲಿಟಿ. ಸುಲಭ ಎಂದು ಹೇಳುತ್ತೇನೆ, ಆದರೆ ಪ್ರತಿ ವರ್ಷ ಯಾರಾದರೊಬ್ಬರು ನನ್ನನ್ನು ಸಿಕ್ಕಿಸಿಹಾಕುತ್ತಾರೆ. ಬೈಂದೂರಿನ ಕಡೆಯ ಒಬ್ಬ ಹುಡುಗ, "ದೋಣಿ ಆಸ್ತಿ, ಬಲೆ ಆಸ್ತಿ, ಸರಿ ಟೀಚರ್. ಹಿಡಿಯದೆ ಇಪ್ಪು ಮೀನ್ ಎಂತ?" ಎಂದು ಕೇಳಿದ್ದ. ಅವತ್ತು ಬೆಲ್ಲು ಹೊಡೆದು ನನ್ನ ಮಾನ ಉಳಿಯಿತು.

ಪಾಠದ ಮೂರನೆಯ ಭಾಗಕ್ಕೆ ಬರುವಷ್ಟರಲ್ಲಿ ಅಣ್ಣ ಮುಂದಿನ ಸೀಟಿನಿಂದ ತಿರುಗಿದ. ಕಣ್ಣು ಹೊಳೆಯುತ್ತಿತ್ತು. ಐವತ್ತು ದಾಟಿದವರಿಗೆ ಹೊಸ ವಿಷಯ ತಲೆಗೆ ಹತ್ತಿದರೆ ಇಳಿಸುವುದು ಕಷ್ಟ.

"ಹೆಣೆ, ನನ್ನ ಸ್ಕೂಟರ್ ಎಂತ?" ಎಂದು ನನ್ನನ್ನು ಕೇಳಿದ. (ಹೆಣೆ ಎಂದರೆ ನಮ್ಮಲ್ಲಿ ಹೆಣ್ಣೇ ಎಂದು ಕರೆಯುವುದು.)

"ಆಸ್ತಿ."

"ಅದ್ರ ಲೋನ್?"

"ಸಾಲ."

"ಮತ್ತೆ ಇವ್ಳ್?" ಎಂದು ಅತ್ತಿಗೆಯ ಕಡೆ ಗಲ್ಲ ತೋರಿಸಿದ.

ಡ್ರೈವರೂ ಕಿವಿ ನೆಟ್ಟಗೆ ಮಾಡಿದ್ದ.

"ಹ್ವಾಯ್, ಒಂದ್ ಸರ್ತಿ ಮನೆಗ್ ಬನ್ನಿ. ಹೇಳ್ತೆ," ಎಂದರು ಅತ್ತಿಗೆ.

ಸಾಲಿಗ್ರಾಮ ದಾಟುವವರೆಗೂ ನಾವು ನಕ್ಕೆವು. ಆದರೆ ಅಣ್ಣನಿಗೆ ಹತ್ತಿದ ಹುಚ್ಚು ನಗುವಿನಿಂದ ಇಳಿಯುವಂಥದ್ದಲ್ಲ ಎಂಬುದು ಬ್ರಹ್ಮಾವರದಿಂದ ಒಳಗಿನ ಆ ಮನೆ ಮುಟ್ಟಿದ ಮೇಲೆ ಗೊತ್ತಾಯಿತು.

ಹುಡುಗನ ತಂದೆ ಅಂಗಳದಲ್ಲೇ ನಿಂತಿದ್ದರು. ಇಸ್ತ್ರಿ ಮಾಡಿದ ಬಿಳಿ ಪಂಚೆ, ಅದಕ್ಕಿಂತ ಬಿಳಿ ನಗು. ಮುಂಬೈಯಲ್ಲಿ ಹೋಟೆಲು. ಈಗ ಗಲ್ಲಾದ ಮೇಲೆ ಮಗ ಕೂರುತ್ತಾನೆ, ಇವರು ಊರಲ್ಲಿ. ಓಮ್ನಿಯನ್ನು ಗೇಟಿನ ಆಚೆ ನಿಲ್ಲಿಸಿ, ಶ್ವೇತಾಳನ್ನು ಅದರಲ್ಲೇ ಬಿಟ್ಟು, ಏನೂ ಅರಿಯದವರ ಹಾಗೆ ನಾವು ಮೂವರು ಒಳಗೆ ನಡೆದೆವು.

"ಕಾಣಿ, ಬಾವಿ. ಬೇಸ್ಗಿಯಂಗೂ ಬತ್ತುದಿಲ್ಲೆ," ಎಂದರು ಅವರು.

"ಆಸ್ತಿ," ಎಂದು ಅಣ್ಣ ನನ್ನ ಕಿವಿಯಲ್ಲಿ ಉಸುರಿದ.

"ಇದ್ ಹೊಸ ಕಾರ್. ಬ್ಯಾಂಕಿನವ್ರೇ ಕರ್ದ್ ಲೋನ್ ಕೊಟ್ರ್."

"ಸಾಲ!" ಈ ಸಲ ಉಸುರಲಿಲ್ಲ, ಗಟ್ಟಿಯಾಗಿಯೇ ಅಂದ. ಹುಡುಗನ ತಂದೆ ತಿರುಗಿ ನೋಡಿದರು. ನಾನು ಕೆಮ್ಮಿದೆ.

ಕಾರು ಸಾಲವಲ್ಲ ಮಹರಾಯ! ಸಾಲ ಮಾಡಿ ಕೊಂಡರೂ ಕಾರು ಆಸ್ತಿಯೇ. ಬ್ಯಾಂಕಿಗೆ ಕೊಡಬೇಕಾದದ್ದು ಮಾತ್ರ ಸಾಲ. ಅದು ಈ ಬದಿ, ಇದು ಆ ಬದಿ. ನನ್ನ ಅರ್ಧ ಕ್ಲಾಸು ಎಡವುವುದು ಇಲ್ಲೇ. ಅದನ್ನು ಪಿಸುಗುಟ್ಟುವ ಹೊತ್ತಿಗೆ ಅಣ್ಣ ತೆಂಗಿನ ತೋಟದ ಹತ್ತಿರ ಇದ್ದ.

ತೋಟ? ಅದು ಹುಡುಗನ ದೊಡ್ಡಪ್ಪನದಂತೆ. "ಅವ್ರ್ ಪೂನಾದಂಗಿದ್ರ್, ಕಾಂಬುದ್ ನಾವೇ." ಹಾಗಾದರೆ ಲೆಕ್ಕಕ್ಕೇ ಇಲ್ಲ. ಮಹಡಿ? ಕಂಬಿಗಳು ಆಕಾಶ ನೋಡುತ್ತ ನಿಂತಿವೆ, ಕೆಲಸ ಮುಗಿದಿಲ್ಲ. ಚಾವಡಿಯ ಗೋಡೆಯ ಮೇಲೆ ಮುಂಬೈ ಹೋಟೆಲಿನ ದೊಡ್ಡ ಫೋಟೋ ಇತ್ತು, ಬೋರ್ಡಿಗೆ ಬಲ್ಬಿನ ಸರ ಹಾಕಿದ್ದು. ಅಣ್ಣ ಅದರ ಎದುರು ಕೈಕಟ್ಟಿ ನಿಂತ.

"ಜಾಗ ನಿಮ್ದೇ ಅಲ್ದಾ?"

"ಜಾಗ ಶೇಟ್‌ದ್. ನಮ್ದ್ ಬಾಡ್ಗಿ. ಡಿಪಾಸಿಟ್ ಕೊಟ್ಟಿತ್ತ್, ಪಾತ್ರೆ ಪಗಡಿ ಎಲ್ಲ ನಮ್ದೇ."

ಅಣ್ಣ ನನ್ನನ್ನು ಮೂಲೆಗೆ ಎಳೆದ. "ಹೆಣೆ, ಕಾರ್ ಬ್ಯಾಂಕಿಂದ್, ತೋಟ ಅಣ್ಣಂದ್, ಜಾಗ ಶೇಟ್‌ದ್. ಇವ್ರದ್ ಅಂಬುದ್ ಎಂತ ಇತ್ತ್? ಚಾ ಕುಡ್ದ್ ಹೊರಡುವ."

ಓಮ್ನಿಯಲ್ಲಿ ಒಂದು ಹುಡುಗಿ ನೋಟ್ಸು ಹಿಡಿದುಕೊಂಡು ಕೂತಿದ್ದಾಳೆ, ನೋಟ್ಸಿನಲ್ಲಿ ಒಂದಕ್ಷರವೂ ಕಾಣದೆ. ಅವಳಿಗೆ ಹೋಗಿ ಏನು ಹೇಳಲಿ? ನಿನ್ನ ಮದುವೆಯನ್ನು ಬ್ಯಾಲೆನ್ಸ್ ಶೀಟು ನುಂಗಿತು ಎಂದೇ?

ಅಷ್ಟರಲ್ಲಿ ಅಡುಗೆ ಕೋಣೆಯಿಂದ ನಗು ಕೇಳಿಸಿತು.

ಎರಡು ನಗು. ಒಂದು ಹಲ್ಲಿಲ್ಲದ್ದು. ಇನ್ನೊಂದು ನಮ್ಮ ಮನೆಯದು.

ನಾವು ಮೂವರೂ ಓಡಿದೆವು. ಹಿಂದಿನಿಂದ ಹುಡುಗನ ತಂದೆ. ಅವರ ಹಿಂದೆ, ಜ್ಯೂಸಿನ ಲೋಟಗಳ ಟ್ರೇ ಹಿಡಿದುಕೊಂಡು ಸಂತೋಷ.

ಆದದ್ದು ಇಷ್ಟು. ಬಿಸಿಲೇರಿ ಓಮ್ನಿ ಕಾದಿದೆ. ಶ್ವೇತಾ ಇಳಿದು ನೆರಳಿಗೆ ಬಂದಿದ್ದಾಳೆ. ಹಿತ್ತಿಲಿಂದ ಬಾಳೆ ಎಲೆ ಕೊಯ್ದುಕೊಂಡು ಬರುತ್ತಿದ್ದ ಅಜ್ಜಿ, ಅಂದರೆ ಹುಡುಗನ ತಂದೆಯ ತಾಯಿ, ಕಂಡಿದ್ದಾರೆ.

"ಯಾರ್ ಹೆಣೆ ನೀನ್?"

"ಅಕೌಂಟ್ಸ್ ಕಲಿವವ್ಳ್, ಅಜ್ಜಿ."

"ಹೌದಾ? ಫೋಟೋದೊಳ್ಗೆ ಮೂಗ್ ಇನ್ನೂ ಸಣ್ಣ ಕಂಡಿತ್," ಎಂದ ಅಜ್ಜಿ ಕೈ ಹಿಡಿದು ಹಿಂಬಾಗಿಲಿಂದ ಒಳಗೆ ಕರೆದುಕೊಂಡೇ ಬಂದಿದ್ದಾರೆ. ಕ್ರಮ ಗಿಮ ಎಲ್ಲ ಬಾಳೆ ಬುಡದಲ್ಲೇ ಬಿತ್ತು.

ನಾವು ಹೋಗಿ ನಿಲ್ಲುವಾಗ ಅಜ್ಜಿ ಮಣೆಯ ಮೇಲೆ ಕೂತು ಪಾಠ ಕೇಳುತ್ತಿದ್ದರು. ಅಡುಗೆ ಕೋಣೆಯ ಪೂರ್ತಿ ವಿಂಗಡಣೆ ಆಗಿತ್ತು. ಅರೆಯುವ ಕಲ್ಲು ಆಸ್ತಿ. ಮಿಕ್ಸಿ ಆಸ್ತಿ. ಪಕ್ಕದ ಮನೆಯಿಂದ ತಂದ ದೊಡ್ಡ ಬಾಣಲೆ ವಾಪಸು ಕೊಡಬೇಕಾದದ್ದು.

"ಬೆಕ್ಕ್?" ಎಂದರು ಅಜ್ಜಿ.

"ಬರೀ ಖರ್ಚ್, ಅಜ್ಜಿ."

ಅಜ್ಜಿ ಮತ್ತೆ ನಕ್ಕರು. ಅಣ್ಣನ ಮುಖ ಕೆಂಪಡರಿತ್ತು. ಅವನು ಬಾಯಿ ತೆಗೆಯುವ ಮೊದಲೇ ಅಜ್ಜಿ ಕೈಯೆತ್ತಿ ತಡೆದು, ಹುಡುಗಿಗೆ ಕೇಳಿದರು. "ಎಲ್ಲ ಆಯ್ತ್. ಈಗ ನನ್ನ ಹೇಳ್. ನಾನ್ ಎಂತ?"

ಶ್ವೇತಾ ಮೊದಲು ಸರಿಯಾದ ಪ್ರಶ್ನೆಯನ್ನೇ ಕೇಳಿದಳು. (ಅದು ನನ್ನ ಪಾಠ. ಅಷ್ಟು ಹೆಮ್ಮೆಪಡಲು ಬಿಡಿ.) "ನೀವ್ ಈ ಮನೆಗ್ ಎಂತ ಹಾಕಿದ್ರಿ?"

"ನನ್ನ ಅಬ್ಬಿ ಕೊಟ್ಟ ಗದ್ದಿ ಇದ್ದಿತ್. ಅದನ್ನ್ ಮಾರಿಯೇ ಅಲ್ದಾ ಇವ ಬೊಂಬಾಯಂಗ್ ಹೋಟ್ಲ್ ಮಾಡದ್ದ್?" ಎಂದು ಅಜ್ಜಿ ಮಗನನ್ನು ತೋರಿಸಿದರು.

"ಹಂಗಾರೆ ನೀವ್ ಸಾಲದ ಬದಿಗೆ, ಅಜ್ಜಿ."

ಮುಗಿಯಿತು. ಅತ್ತಿಗೆ ಬಾಗಿಲಿನ ದಾರಂದ ಹಿಡಿದುಕೊಂಡರು. ಹುಡುಗನ ತಂದೆಯ ನಗು ಅರ್ಧಕ್ಕೆ ನಿಂತಿತು. ತನ್ನ ತಾಯಿ ಕೊಟ್ಟ ಗದ್ದೆ ಮಾರಿಕೊಟ್ಟ ಹಿರಿಯ ಹೆಂಗಸಿಗೆ, ನೀನು ಸಾಲ ಎನ್ನುವುದೇ? ನಾನು ನೆಲದ ಸಿಮೆಂಟನ್ನು ಬಹಳ ಆಸಕ್ತಿಯಿಂದ ನೋಡತೊಡಗಿದೆ.

ಶ್ವೇತಾ ಮಾತ್ರ ಹೆದರಲಿಲ್ಲ. ಅಜ್ಜಿಯ ಎದುರು ಕುಕ್ಕರುಗಾಲಲ್ಲಿ ಕೂತಳು.

"ನೀವ್ ಸಾಲ ಅಂದದ್ದಲ್ಲ. ಆ ಬದಿಗೆ ಬಂಡ್ವಾಳವೂ ಬತ್ತ್. ಹೋಟ್ಲ್ ಬೇರೆ, ಹೋಟ್ಲಿಗ್ ಹಾಕಿದವ್ರ್ ಬೇರೆ. ಕಾವ್ಲಿ, ಟೇಬಲ್, ಡಿಪಾಸಿಟ್ ಎಲ್ಲ ಆಸ್ತಿ. ಅದೆಲ್ಲ ಎಲ್ಲಿಂದ ಬಂತ್? ನಿಮ್ ಗದ್ದಿಯಿಂದ. ಹಂಗಾಯಿ ಹೋಟ್ಲ್ ನಿಮ್ಗ್ ಅದನ್ನ್ ವಾಪಸ್ ಕೊಡ್ಕ್. ಅದ್ಕೇ ನೀವ್ ಸಾಲದ ಬದಿಗೆ. ನೀವ್ ಕೊಡುವವ್ರಲ್ಲ ಅಜ್ಜಿ, ಕೇಂಡ್ ತೆಕಂಬವ್ರ್."

ಬಂಡವಾಳ. ಹೊಸ ಪುಸ್ತಕಗಳಲ್ಲಿ ಈಕ್ವಿಟಿ ಎನ್ನುತ್ತಾರೆ. ನಮ್ಮದೇ ಹಣ ಸಾಲದ ಬದಿಗೆ ಯಾಕೆ ಎಂದು ಮಕ್ಕಳು ತಲೆ ಕೆರೆದುಕೊಳ್ಳುತ್ತಾರೆ, ಆಮೇಲೆ ಬಾಯಿಪಾಠ ಮಾಡಿ ಪಾಸಾಗುತ್ತಾರೆ. ಆಸ್ತಿಯಿಂದ ಹೊರಗಿನವರ ಸಾಲ ಕಳೆದರೆ ಉಳಿಯುವುದು ಅದೇ. 'ಇವ್ರದ್ ಅಂಬುದ್ ಎಂತ ಇತ್ತ್' ಎಂದು ಅಣ್ಣ ಚಾವಡಿಯಲ್ಲಿ ಹುಡುಕಿ ಸುಸ್ತಾಗಿದ್ದನಲ್ಲ, ಅದು ಇಲ್ಲಿ ಮಣೆಯ ಮೇಲೆ ಕೂತು ಬಾಳೆ ಎಲೆ ಒರೆಸುತ್ತಿತ್ತು.

ಅಜ್ಜಿ ಕೈಯಲ್ಲಿದ್ದ ಎಲೆಯನ್ನು ಒರೆಸಿ ಬದಿಗಿಟ್ಟರು. ಆಮೇಲೆ ಮಗನ ಕಡೆ ತಿರುಗಿದರು.

"ಕೇಂಡ್ಯಾ? ಕೊಡ್ಕ್ ಅಂಬ್ರ್." (ಕೊಡಬೇಕಂತೆ!)

"ಎಂತ ಕೊಡ್ಕ್ ಅಮ್ಮ? ನಿಂಗೆ ನಾನ್ ಎಂತ ಕಮ್ಮಿ ಮಾಡಿದೆ?"

"ನಂಗೆ ದುಡ್ ಬ್ಯಾಡ. ಆ ಹೋಟ್ಲ್ ಒಂದ್ ಸಲ ಕಾಣ್ಕ್. ಗಲ್ಲಾದ್ ಮೇಲ್ ಕೂಕಣ್ಕ್. ಬಿಸಿ ಬಿಸಿ ಮಸಾಲೆ ದ್ವಾಸಿ ತಿನ್ಕ್. ಬಸ್ಸಂಗ್ ಹೋಪುಕೆ ದೂರ ಆತ್ತ್ ಅಂದೆ ನೀನ್, ನಾನ್ ಒಪ್ಪಿದೆ. ಈಗ ರೈಲ್ ಬಂತಲೆ. ನಿತ್ಯ ಅದ್ರ ಕೂಗ್ ಕೇಂತೆ ನಾನ್ ಇಲ್ಲಿ ಕೂಕಂಡ್."

ಅಲ್ಲ, ನೋಡಿ! ಗದ್ದೆ ಕೊಟ್ಟವರು ಹೋಟೆಲನ್ನು ಕಂಡದ್ದು ಫೋಟೋದಲ್ಲಿ ಮಾತ್ರ. ಹುಡುಗನ ತಂದೆ ಕೆಟ್ಟವರಲ್ಲ. ಅವರಿಗೆ ಅದು ಹೊಳೆದೇ ಇರಲಿಲ್ಲ. ನಮ್ಮಲ್ಲಿ ಎಷ್ಟು ಜನಕ್ಕೆ ಹೊಳೆಯುತ್ತದೆ? ಅವರು ಪಂಚೆಯ ತುದಿಯನ್ನು ಹಿಂಡುತ್ತ ನಿಂತುಬಿಟ್ಟರು. ನನಗೆ ಪಾಪ ಅನಿಸಿತು. ಅನಿಸಿದರೂ ಮೇಷ್ಟರ ಬುದ್ಧಿ ಬಿಡಬೇಕಲ್ಲ?

"ಹಾಕಿದವ್ರ್ ಹೀಂಗೆ ತೆಕಂಬುದಕ್ಕೆ ಡ್ರಾಯಿಂಗ್ಸ್ ಅಂಬ್ರ್," ಎಂದೆ. ಯಾರೂ ಬರೆದುಕೊಳ್ಳಲಿಲ್ಲ.

ಆಗ ಟ್ರೇಯ ಹಿಂದಿನಿಂದ ಸಂತೋಷನ ದನಿ ಬಂತು. ಅವತ್ತು ಆತ ಬಾಯಿಬಿಟ್ಟದ್ದು ಅದೇ ಮೊದಲು. "ಅಜ್ಜಿ, ಬಪ್ಪು ತಿಂಗ್ಳ್ ನಾನೇ ಕರ್ಕಂಡ್ ಹೋತೆ. ಗಲ್ಲಾದ್ ಮೇಲ್ ನೀವೇ ಕೂಕಣಿ. ನಾನ್ ದ್ವಾಸಿ ತಂದ್ ಕೊಡ್ತೆ."

ಶ್ವೇತಾ ಅವನನ್ನು ನೋಡಿದಳು. ಆ ನೋಟವನ್ನು ವಿಂಗಡಿಸಲು ನನ್ನ ಸಬ್ಜೆಕ್ಟಿನಲ್ಲಿ ಜಾಗವಿಲ್ಲ.

ಅಜ್ಜಿಯೂ ಅದನ್ನು ಕಂಡರು. ಅವರ ಕಣ್ಣು ತಪ್ಪಿಸುವುದುಂಟೇ? "ಆಯ್ತ್ ಹೆಣೆ, ನೀ ಈ ಮನೆಗ್ ಬಂದ್ರೆ ಎಂತ ಆತೆ?"

"ನಾನೂ ಬಂಡ್ವಾಳವೇ ಅಜ್ಜಿ. ಆರೆ ನಿಮ್ಮಂಗೆ ಇಷ್ಟ್ ವರ್ಷ ಕಾಯುದಿಲ್ಲೆ."

ಅಜ್ಜಿ ನಗಲು ಶುರು ಮಾಡಿದವರು ಕೆಮ್ಮು ಬರುವವರೆಗೂ ನಿಲ್ಲಿಸಲಿಲ್ಲ. ಅತ್ತಿಗೆ ನಕ್ಕರು. ಹುಡುಗನ ತಂದೆ ನಕ್ಕರು. ನಾನಂತೂ ಕಣ್ಣೊರೆಸಿಕೊಳ್ಳುವಷ್ಟು ನಕ್ಕೆ. ಅಣ್ಣ ಮೀಸೆ ಸವರಿಕೊಂಡ. ಅದರಡಿಯಲ್ಲಿ ಏನು ನಡೆಯುತ್ತಿತ್ತೋ ಕಾಣಲಿಲ್ಲ.

ವಾಪಸು ಬರುವಾಗ ಅಣ್ಣ ಮುಂದಿನ ಸೀಟಿನಲ್ಲಿ ಮೀಸೆ ಸವರುತ್ತಲೇ ಇದ್ದ. ಹಿಂದಿನ ಸೀಟಿನಲ್ಲಿ ಶ್ವೇತಾ ನನ್ನ ಕೈಯನ್ನು ಎಷ್ಟು ಗಟ್ಟಿ ಹಿಡಿದಿದ್ದಳೆಂದರೆ ಬಳೆಯ ಗುರುತು ಮರುದಿನವೂ ಇತ್ತು. ಕೋಟ ಬಂದ ಮೇಲೆ ಅಣ್ಣ ಕಿಟಕಿಯಾಚೆ ನೋಡುತ್ತಲೇ ಹೇಳಿದ. "ಅಜ್ಜಿ ಗಟ್ಟಿ ಇದ್ರ್. ಹೆಣ್ಣ್ ಕೊಡುವ, ಆಗ್ದಾ?"

ಓಮ್ನಿಯಲ್ಲಿ ಎದ್ದ ಗಲಾಟೆಯನ್ನು ನಾನಿಲ್ಲಿ ಬರೆಯುವುದಿಲ್ಲ. ಡ್ರೈವರ್ ಸುಮ್ಮಸುಮ್ಮನೆ ಹಾರ್ನ್ ಹೊಡೆದ, ಅಷ್ಟು ಸಾಕು.

ಸೋಮವಾರದ ಟೆಸ್ಟಿನಲ್ಲಿ ನಮ್ಮ ಹುಡುಗಿ ಬ್ಯಾಂಕಿನ ಲೋನನ್ನು ಆಸ್ತಿಯ ಬದಿಗೆ ಬರೆದು ಬಂದಿದ್ದಾಳೆ. ತಲೆ ಎಲ್ಲಿತ್ತೋ! ನಾನು ಬೈಯಲಿಲ್ಲ.

ನಿನ್ನೆ ಬ್ರಹ್ಮಾವರದಿಂದ ಫೋನು ಬಂತು. ನಿಶ್ಚಯದ ದಿನ ಇನ್ನೂ ಗೊತ್ತಾಗಿಲ್ಲ. ಅಜ್ಜಿ ಮುಂಬೈ ನೋಡಿ ಬಂದ ಮೇಲೆಯೇ ಅಂತೆ. ಷರತ್ತು ಅಜ್ಜಿಯದು, ರೈಲಿನ ಟಿಕೆಟ್ಟು ಮಗನದು.

ಅಂದ ಹಾಗೆ, ನಿಮ್ಮ ಮನೆಯ ಬಂಡವಾಳ ಈಗ ಅಡುಗೆ ಕೋಣೆಯಲ್ಲಿ ಏನು ಮಾಡುತ್ತಿದೆ, ಎದ್ದು ಹೋಗಿ ನೋಡಿದಿರಾ?