ಬಾಯಿ ತೆರೆದವರ ಪರವಾಗಿ ನಮ್ಮ ಅತ್ತಿಗೆ

ನನ್ನ ಅಣ್ಣನ ಹೆಂಡತಿ ಹಲ್ಲಿನ ಡಾಕ್ಟರೊಬ್ಬರ ಬಳಿ ಸಹಾಯಕಿ. ಹೆಸರಿಗೆ ಅವರ ಕೆಲಸ ಎಂಜಲು ಹೀರುವ ಕೊಳವೆಯನ್ನು ರೋಗಿಯ ಕೆನ್ನೆಯೊಳಗೆ ಹಿಡಿದು ನಿಲ್ಲುವುದು, ಹತ್ತಿ ಕೊಡುವುದು, ಲೋಟಕ್ಕೆ ನೀರು ತುಂಬುವುದು. ನಿಜವಾದ ಕೆಲಸ ಬೇರೆ.

ಡಾಕ್ಟರಿಗೆ ಮಾತೆಂದರೆ ಪ್ರಾಣ. ಆದರೆ ಅವರಿಗೆ ಮಾತು ನೆನಪಾಗುವುದು ರೋಗಿಯ ಬಾಯೊಳಗೆ ಕನ್ನಡಿ, ಕೊಳವೆ, ಹತ್ತಿ ಎಲ್ಲ ಸೇರಿ, ನಾಲಿಗೆಗೇ ಜಾಗ ಸಾಲದೆ ಹೋದ ಮೇಲೆ. "ಮಗಳ ಮದುವೆ ಏನಾಯ್ತು?" ಎನ್ನುತ್ತಾರೆ. ರೋಗಿ "ಆಂ ಊ ಗ್ಗ" ಎನ್ನುತ್ತಾನೆ. ಡಾಕ್ಟರು ಅತ್ತಿಗೆಯ ಕಡೆ ತಿರುಗುತ್ತಾರೆ.

"ಏನಂತೆ?"

"ನೋಡ್ತಾ ಇದ್ದಾರಂತೆ ಡಾಕ್ಟ್ರೇ. ನಿಮಗೆ ಗೊತ್ತಿರೋ ಕಡೆ ಒಳ್ಳೆ ಹುಡುಗ ಇದ್ರೆ ಹೇಳ್ಬೇಕಂತೆ."

ತೆರೆದ ಬಾಯಿಂದ ಬರುವುದು ಬರೀ ಸ್ವರಗಳು. ವ್ಯಂಜನಗಳನ್ನು ಅತ್ತಿಗೆ ತಮ್ಮ ಕೈಯಿಂದ ಹಾಕುತ್ತಾರೆ. ಹಾಕುವಾಗ ಒಂದಿಷ್ಟು ಮರ್ಯಾದೆಯನ್ನೂ ಸೇರಿಸುತ್ತಾರೆ. ಹಾರ್ಡ್‌ವೇರ್ ಅಂಗಡಿಯವರು ಒಮ್ಮೆ ನೋವು ತಡೆಯಲಾರದೆ "ನಿಮ್ಮಪ್ಪನ ಮನೆ ಹಲ್ಲೇನ್ರೀ ಇದು?" ಎಂದು ಕಿರುಚಿದರು. ಅದು ಡಾಕ್ಟರನ್ನು ತಲುಪಿದ್ದು "ಒಂದು ನಿಮಿಷ ಬಿಟ್ಟು ಮಾಡಿದ್ರೆ ಅನುಕೂಲ ಆಗುತ್ತಂತೆ" ಎಂಬ ರೂಪದಲ್ಲಿ. "ಸಾಯಿಸ್ತೀರಾ?" ಎಂಬುದಂತೂ ಆ ಕೋಣೆಯಲ್ಲಿ ದಿನಾ "ಸ್ವಲ್ಪ ಮುಟ್ಟಿದ ಹಾಗಾಯ್ತಂತೆ" ಆಗುತ್ತಿತ್ತು.

ಮನೆಯಲ್ಲೂ ಇದೇ ಕಸುಬು. ನಾನು ಅಣ್ಣನ ಮನೆಗೆ ಹೋಗಿ ಸೋಫಾಕ್ಕೆ ಅಂಟಿಕೊಂಡರೆ ಅತ್ತಿಗೆ "ಇನ್ನೂ ಸ್ವಲ್ಪ ಹೊತ್ತು ಕೂತ್ಕೊಳ್ಳಪ್ಪಾ, ಮನೇಲಿ ಪಾಪ ನಿನ್ನ ಹೆಂಡ್ತಿ ಕಾಯ್ತಿರ್ತಾಳೇನೋ ಅಷ್ಟೆ" ಎನ್ನುತ್ತಾರೆ. ನನ್ನನ್ನು ಹೊರಗೆ ಕಳಿಸಿದರು ಎಂದು ನನಗೆ ಹೊಳೆಯುವುದು ನಮ್ಮ ಬೀದಿಯ ತಿರುವಿನಲ್ಲಿ.

ಎಲ್ಲ ಸುಸೂತ್ರವಾಗಿ ನಡೆಯುತ್ತಿರುವಾಗ ಡಾಕ್ಟರ ಬಲಗೈ ನಡುಗಲು ಶುರುವಾಯಿತು. ದೂರದಿಂದ ನೋಡಿದರೆ ತಿಳಿಯದಷ್ಟು ಸಣ್ಣ ನಡುಕ. ಒಸಡಿಗೆ ಚೆನ್ನಾಗಿಯೇ ತಿಳಿಯುತ್ತಿತ್ತು. ಕುರ್ಚಿಯಲ್ಲಿ ಮಲಗಿದವರ ಸ್ವರಗಳು ಜೋರಾದಷ್ಟೂ ಅತ್ತಿಗೆಯ ವ್ಯಂಜನಗಳು ಸಿಹಿಯಾದವು. ತುಟಿಯ ಒಳಗೆ ಗಾಯವಾದ ಹೆಂಗಸೊಬ್ಬರು ಡಾಕ್ಟರ ವಂಶವನ್ನೇ ಉದ್ಧಾರ ಮಾಡಿದಾಗಲೂ ಅತ್ತಿಗೆ "ಮನೇಲೆಲ್ಲ ಚೆನ್ನಾಗಿದ್ದಾರಾ ಅಂತ ವಿಚಾರಿಸ್ತಿದ್ದಾರೆ" ಎಂದುಬಿಟ್ಟರಂತೆ.

ಅಂದು ಸಂಜೆ ಅಡುಗೆಮನೆಯಲ್ಲಿ ಅವರು ನಮ್ಮ ಮುಂದೆ ಬಾಯಿಬಿಟ್ಟರು.

"ಹೇಳಿದ್ರೆ ಅವರು ಬಾಗಿಲು ಹಾಕ್ತಾರೆ. ಹೇಳದಿದ್ರೆ ಯಾವತ್ತೋ ಯಾರದೋ ನಾಲಿಗೆ ಹೋಗುತ್ತೆ."

"ಬಾಗಿಲು ಹಾಕಿದ್ರೆ ನಿನ್ನ ಕೆಲ್ಸ?" ಎಂದ ಅಣ್ಣ.

"ಅದೂ ಹೋಗುತ್ತೆ. ಅದಿರ್ಲಿ ಬಿಡಿ, ಅಂಥವರ ಮುಖ ನೋಡ್ಕೊಂಡು ನಿಮ್ಮ ಕೈ ಕೆಟ್ಟಿದೆ ಅಂತ ಹೇಗ್ರೀ ಹೇಳೋದು?"

ಅಣ್ಣ ನನ್ನ ಕಡೆ ನೋಡಿದ. "ಇವನು ಹೇಳ್ಲಿ. ನಾಲ್ಕಕ್ಷರ ಗೀಚ್ತಾನೆ, ನಯವಾಗಿ ಹೇಳೋಕೆ ಬರುತ್ತೆ. ಹೆಂಗೂ ಹಲ್ಲು ಹುಳುಕಾಗಿದೆ." ಈ ಎರಡೂ ಅರ್ಹತೆಗಳನ್ನು ನಾನು ಅಲ್ಲಗಳೆಯುವಂತಿರಲಿಲ್ಲ. ಒಪ್ಪಿಕೊಂಡೆ.

ಕುರ್ಚಿಯಲ್ಲಿ ಕೂರುವ ಮೊದಲು ನನಗೆ ಧಾರಾಳವಾಗಿ ಸಮಯವಿತ್ತು, ಬಾಯಿಯೂ ಖಾಲಿಯಿತ್ತು. ಡಾಕ್ಟರು "ಏನ್ ಸಮಾಚಾರ?" ಎಂದರು. ನಾನು "ಬಿಸಿಲು ಜಾಸ್ತಿ" ಎಂದೆ. ಅತ್ತಿಗೆ ಗಂಟಲು ಸರಿಮಾಡಿಕೊಂಡರು. ನಾನು ಧೈರ್ಯ ತಂದುಕೊಂಡು "ನಿಮ್ಮ ಕೈ ಬಗ್ಗೆ ಒಂದು ಮಾತು..." ಎಂದು ಶುರು ಮಾಡಿದೆ. ಡಾಕ್ಟರು ಮುಗುಳ್ನಕ್ಕು ನನ್ನನ್ನೇ ನೋಡಿದರು. "ನಿಮ್ಮ ಕೈಗುಣ ದೊಡ್ಡದು ಡಾಕ್ಟ್ರೇ, ಇಲ್ಲಿಗೆ ಬಂದ್ರೇನೇ ಅರ್ಧ ನೋವು ಹೋಗುತ್ತೆ" ಎಂದು ಮುಗಿಸಿ ಮಲಗಿಕೊಂಡೆ. ಅತ್ತಿಗೆ ಕೊಳವೆಯನ್ನು ಅಗತ್ಯಕ್ಕಿಂತ ತುಸು ಜೋರಾಗಿಯೇ ತುರುಕಿದರು.

ಹಲ್ಲು ಕೊರೆಯುವ ಮಶೀನು ಗುಂಯ್‌ಗುಟ್ಟಿತು. ಅದು ಹುಡುಕಿ ಬಂದದ್ದು ಹುಳುಕನ್ನು, ಸಿಕ್ಕಿದ್ದು ಒಸಡು. ಆಗ ನನ್ನೊಳಗಿನ ಗಂಡಸು ಎದ್ದು ಕುಳಿತ. ಆಡಿದ್ದು ಯಾರಿಗೂ ತಿಳಿಯುವುದಿಲ್ಲವೆಂದಾದರೆ ನನ್ನಷ್ಟು ನೇರ ಮಾತಿನವರು ಇನ್ನೊಬ್ಬರಿಲ್ಲ. "ನಿಮ್ಮ ಕೈ ನಡುಗ್ತಿದೆ ಡಾಕ್ಟ್ರೇ, ಈ ಮಶೀನು ಹಿಡಿಯೋದು ಬಿಟ್ಬಿಡಿ!" ಎಂದೆ. ಹೊರಬಂದದ್ದು ಕರುವಿನ ಕೂಗಿನಂಥದ್ದು.

"ಏನಂತೆ?" ಎಂದರು ಡಾಕ್ಟರು.

ಅತ್ತಿಗೆ ಕೊಳವೆಯನ್ನು ನನ್ನ ಕೆನ್ನೆಯಿಂದ ಈಚೆ ತೆಗೆದರು. ಕೊಳವೆ ಬರೀ ಗಾಳಿ ಹೀರುತ್ತಿತ್ತು. ದಯವಿಟ್ಟು ಏನಾದರೂ ಒಳ್ಳೆಯದು ಹೇಳಿ ಎಂದು ಕಣ್ಣಲ್ಲೇ ಬೇಡಿದೆ.

"ನಿಮ್ಮ ಕೈ ನಡುಗ್ತಿದೆಯಂತೆ ಡಾಕ್ಟ್ರೇ. ಮಶೀನು ಹಿಡಿಯೋದು ಬಿಟ್ಬಿಡಿ ಅಂತಿದ್ದಾನೆ." ಜೊತೆಗೆ ತಮ್ಮದನ್ನೂ ಸೇರಿಸಿದರು: "ಇವನೊಬ್ಬನೇ ಅಲ್ಲ. ಎಲ್ಲರೂ ಅದೇ ಹೇಳ್ತಿದ್ದಾರೆ. ನನಗೂ ಹಾಗೇ ಅನ್ಸುತ್ತೆ."

ಡಾಕ್ಟರು ಮಶೀನು ನಿಲ್ಲಿಸಿದರು. "ಕೇಳಿಸ್ತು" ಎಂದರು. "ಇವರು ಹೇಳಿದಾಗಲೇ ಕೇಳಿಸ್ತು."

"ನಿಮಗೆ ಅರ್ಥ ಆಗುತ್ತಾ?" ಎಂದರು ಅತ್ತಿಗೆ.

"ಬದುಕೆಲ್ಲ ಬಾಯೊಳಗೇ ಕಳೆದೆನಲ್ಲಮ್ಮ. ಹಾರ್ಡ್‌ವೇರ್ ಅಂಗಡಿಯವರು ನಮ್ಮಪ್ಪನ ತನಕ ಹೋಗಿದ್ದೂ ಅರ್ಥ ಆಗಿತ್ತು."

"ಮತ್ತೆ ಪ್ರತಿ ಸಲ ನನ್ನನ್ನ ಕೇಳ್ತಿದ್ರಲ್ಲ!"

"ನೀನು ಹೇಳೋದು ಕೇಳೋಕೆ ಚೆನ್ನಾಗಿರ್ತಿತ್ತು." ಅವರು ಕೈಗವಸು ಕಳಚತೊಡಗಿದರು. ಅದು ಬೇಗ ಕಳಚಿಕೊಳ್ಳಲಿಲ್ಲ. "ಕೈ ವಿಷಯಾನೂ ದಿನಾ ಕೇಳಿಸ್ತಿತ್ತು. ನೀನು ಇನ್ನೂ ನಯ ಮಾಡಿ ಹೇಳ್ತಿದ್ದೆ. ಹಾಗಾದ್ರೆ ಅಷ್ಟೇನೂ ಕೆಟ್ಟಿಲ್ಲ ಅಂದ್ಕೊಂಡೆ. ನಿಜವಾಗ್ಲೂ ಕೆಟ್ಟ ದಿನ ಇವಳು ಇದ್ದದ್ದನ್ನ ಇದ್ದ ಹಾಗೇ ಹೇಳ್ತಾಳೆ ಅಂತ ನಂಬಿದ್ದೆ."

ಅತ್ತಿಗೆ ನನ್ನ ಒಸಡಿಗೆಂದು ತೆಗೆದಿಟ್ಟಿದ್ದ ಹತ್ತಿಯಿಂದ ಕಣ್ಣೊರೆಸಿಕೊಂಡರು. ಮುಚ್ಚಿಕೋ ಎಂದು ಯಾರೂ ಹೇಳದ ಕಾರಣ ನಾನು ಬಾಯಿ ತೆರೆದೇ ಇದ್ದೆ.

ಆಮೇಲೆ ಡಾಕ್ಟರು ಮುಂದಿನ ಬೀದಿಯ ಡಾಕ್ಟರಿಗೆ ಫೋನು ಮಾಡಿ, ಅರ್ಧ ಕೊರೆದ ಹಲ್ಲೊಂದನ್ನು ಕಳಿಸುತ್ತಿದ್ದೇನೆ ಎಂದರು. ಅತ್ತಿಗೆ ಹೊರಗೆ ಕಾಯುತ್ತಿದ್ದವರ ಬಳಿ ಹೋಗಿ, ಡಾಕ್ಟರು ಇನ್ನು ಹಲ್ಲು ಕೊರೆಯುವುದಿಲ್ಲ, ನೋಡಿ ಸಲಹೆ ಕೊಡುತ್ತಾರೆ ಅಷ್ಟೆ ಎಂದು ತಿಳಿಸಿದರು.

"ಅಯ್ಯೋ! ಅಂಥ ಕೈ ಇನ್ನೆಲ್ಲಿ ಸಿಗುತ್ತಮ್ಮಾ!" ಎಂಬ ಹೆಂಗಸಿನ ದನಿ ಒಳಗೆ ಕೇಳಿಸಿತು. ತುಟಿಗೆ ಗಾಯವಾದವರೇ. ಡಾಕ್ಟರು ಬಗ್ಗಿ, ಅವರು ಹೋದ ಸಲ ತಮ್ಮನ್ನು ಏನೆಂದು ಬೈದಿದ್ದರೆಂದು ನನ್ನ ಕಿವಿಯಲ್ಲಿ ಅಕ್ಷರ ಬಿಡದೆ ಹೇಳಿದರು. ಅದನ್ನು ಇಲ್ಲಿ ಬರೆಯುವಂತಿಲ್ಲ.

ಅತ್ತಿಗೆ ಒಳಬಂದು ಕೊಳವೆ ತೊಳೆದಿಟ್ಟು, ಚೀಲ ಹೆಗಲಿಗೇರಿಸಿದರು. "ನಾನಿನ್ನು ಬರ್ಲಾ ಡಾಕ್ಟ್ರೇ?"

"ನಾಳೆ ಮಾಮೂಲಿ ಹೊತ್ತಿಗೆ ಬಾ."

"ನಾಳೆ ನಾನೇನು ಮಾಡ್ಲಿ? ಹಿಡಿಯೋಕೆ ಏನೂ ಇಲ್ವಲ್ಲ."

"ಇನ್ನು ಮೇಲೆ ಬರೋರು ಬಾಯಿ ಖಾಲಿ ಇಟ್ಕೊಂಡೇ ಮಾತಾಡ್ತಾರೆ, ಸ್ಪಷ್ಟವಾಗಿ" ಎಂದರು ಡಾಕ್ಟರು. "ಅದನ್ನೆಲ್ಲ ನಾನೊಬ್ಬನೇ ಕೂತು ಕೇಳ್ಬೇಕಾ?"

ಅತ್ತಿಗೆ ಚೀಲವನ್ನು ಮತ್ತೆ ಮೊಳೆಗೆ ನೇತುಹಾಕಿ, ಮುಂದಿನವರನ್ನು ಒಳಗೆ ಕರೆದರು.