ಹನುಮಪ್ಪನ ಮುಂದಿನ ಎರಡು ಚೀಟಿ

ಮಾನ್ವಿಯ ಕಾಲೇಜೊಂದರಲ್ಲಿ ನಾನು ಗಣಿತದ ಮೇಷ್ಟ್ರು. ನಾಣ್ಯಕ್ಕೆ ನೆನಪೂ ಇಲ್ಲ, ಯಾರ ಹಂಗೂ ಇಲ್ಲ ಎಂದು ಹುಡುಗರಿಗೆ ಸಂಭವನೀಯತೆಯ ಪಾಠ ಹೇಳುತ್ತೇನೆ. ಗಬ್ಬೂರಿನಲ್ಲಿರುವ ನನ್ನ ಅವ್ವ ಮಾತ್ರ ಎಲ್ಲವೂ ಹಣೆಯಲ್ಲಿ ಬರೆದಿರುತ್ತದೆ ಎನ್ನುವವಳು. ಈ ವಿಷಯಕ್ಕೆ ನಮ್ಮಿಬ್ಬರ ಜಗಳ ಹಳೆಯದು.

ಅವಳ ಕಣ್ಣಿಗೆ ಪೊರೆ ಬಂದಾಗ ರಾಯಚೂರಿನ ಡಾಕ್ಟರು ಆಪರೇಷನ್ ಮಾಡಿಸಲೇಬೇಕು ಎಂದರು. ಅವ್ವ ಒಪ್ಪಲಿಲ್ಲ.

"ಹನುಮಪ್ಪನ ಮುಂದ ಚೀಟಿ ಹಾಕು. ಮಾಡಿಸು ಅಂತ ಒಂದು, ಬ್ಯಾಡ ಅಂತ ಒಂದು. ಅಂವ ಹೇಳಿದಂಗ ಮಾಡ್ತೀನಿ."

ಎಲ್ಲಾ ಮೊದಲೇ ಬರೆದಿದ್ದರೆ ಚೀಟಿ ಯಾಕೆ ಎಂದು ಕೇಳಬೇಕೆನಿಸಿತು. ಕೇಳುವ ಬದಲು ಎರಡು ಚೀಟಿ ಹರಿದುಕೊಂಡೆ. ಅವಳಿಗೆ ಓದು ಬಾರದು. ಎರಡರಲ್ಲೂ 'ಮಾಡಿಸು' ಎಂದೇ ಬರೆದು ಮಡಚಿ, ಮನೆಯ ಹನುಮಪ್ಪನ ಪಟದ ಮುಂದಿಟ್ಟೆ. ಅವಳು ಕೈಮುಗಿದು ಒಂದನ್ನು ಎತ್ತಿದಳು, ನಾನು ಓದಿ ಹೇಳಿದೆ. ದೇವರ ಮಾತು ಎಸೆಯಬಾರದೆಂದು ಎರಡೂ ಚೀಟಿಗಳನ್ನು ಪಟದ ಹಿಂದೆ ಸಿಕ್ಕಿಸಿದಳು. ಒಂದನ್ನಾದರೂ ಹರಿದು ಹಾಕುವ ಬುದ್ಧಿ ನನಗೆ ಬರಲಿಲ್ಲ.

ಆಪರೇಷನ್ನಾದ ಎರಡು ತಿಂಗಳಿಗೆ ಊರಿಗೆ ಹೋಗಿದ್ದೆ. ಪಟ ಒರೆಸುತ್ತಿದ್ದ ಅವ್ವ ಆ ಚೀಟಿಗಳನ್ನು ಬಿಡಿಸಿ, ಅಂಗೈ ಮೇಲೆ ಪಕ್ಕಪಕ್ಕ ಇಟ್ಟುಕೊಂಡು ನೋಡಿದಳು.

"ಎರಡೂ ಒಂದೇ ನಮೂನಿ ಕಾಣಾಕತ್ತಾವಲ್ಲಪಾ."

ನಾನು ತಲೆ ತಗ್ಗಿಸಿದೆ. ಅವಳಿಗೆ ಸಿಟ್ಟು ಬಂದಂತಿರಲಿಲ್ಲ.

"ಹಣ್ಯಾಗ ಏನೂ ಬರದಿರಂಗಿಲ್ಲ, ಎಲ್ಲಾ ನಾಣ್ಯ ಬಿದ್ದಂಗ ಆಗ್ತದ ಅಂತಿದ್ದಿ. ಒಂದು ಚೀಟಿ ಅದರ ಪಾಡಿಗೆ ಬಿಡಾಕ ನಿನಗ್ಯಾಕ ಧೈರ್ಯ ಸಾಲಲಿಲ್ಲ?"